ಪೋರ್ಟ್‌ಲ್ಯಾಂಡೈಟ್ ಹರಳು: ನಾನು ಗುರುತಿಸುವ, ಉಳಿಸಿಕೊಳ್ಳುವ ಬಗೆ

ಅರಳಿದ ಸುಣ್ಣವೇ ನೆಲದೊಳಗೆ ತಾನಾಗಿ ಹರಳುಗಟ್ಟಿದರೆ ಅದು ಪೋರ್ಟ್‌ಲ್ಯಾಂಡೈಟ್. ಈ ಕ್ಯಾಲ್ಸಿಯಂ ಹೈಡ್ರಾಕ್ಸೈಡಿಗೆ ಹುಟ್ಟುವುದಕ್ಕಿಂತ ಉಳಿಯುವುದೇ ಕಷ್ಟ. ಗಾಳಿಯಲ್ಲಿನ ಕಾರ್ಬನ್ ಡೈಆಕ್ಸೈಡ್ ಹೀರಿ ಕ್ಯಾಲ್ಸೈಟ್ (ಕ್ಯಾಲ್ಸಿಯಂ ಕಾರ್ಬೊನೇಟ್) ಆಗಿಬಿಡುತ್ತದೆ, ಅಪರೂಪವಾಗಿರುವುದೂ ಅದಕ್ಕೇ. 1933ರಲ್ಲಿ ಇದನ್ನು ಮೊದಲು ವಿವರಿಸಿದ್ದು ಉತ್ತರ ಐರ್ಲೆಂಡಿನ ಸ್ಕಾಟ್ ಹಿಲ್‌ನಿಂದ. ಅಲ್ಲಿ ಡಾಲೆರೈಟ್ ಶಿಲಾರಸದ ಕಾವಿಗೆ ಸೀಮೆಸುಣ್ಣದ ಪದರ ಬೆಂದಿದೆ. ಜೋರ್ಡಾನಿನ ಮಕಾರಿನ್‌ನಲ್ಲೂ ಇದು ಸಿಗುತ್ತದೆ. ಅಲ್ಲಿ ಬಿಟುಮೆನ್ (ಡಾಂಬರಿನಂಥ ವಸ್ತು) ತುಂಬಿದ ಸುಣ್ಣಕಲ್ಲು ತಾನೇ ಉರಿದಿದೆ, ಅದರಲ್ಲಿ ಹಾದುಬರುವ ನೀರಿನ ಪಿಎಚ್ 12 ದಾಟುತ್ತದೆ. ಸಂಗ್ರಾಹಕರು ಬಯಸುವ ದೊಡ್ಡ ಹರಳುಗಳು ದಕ್ಷಿಣ ಆಫ್ರಿಕಾದ ಕಲಹರಿ ಮ್ಯಾಂಗನೀಸ್ ಗಣಿಗಳವು.

ಪರೀಕ್ಷೆಯಲ್ಲಿ ಎಡವುವುದು ಹೊರಮೈಯನ್ನು ನಂಬಿದಾಗ. ಮೇಲಿನ ಬಿಳಿ ಪೊರೆಗೆ 10% ಹೈಡ್ರೋಕ್ಲೋರಿಕ್ ಆಮ್ಲ ಹಾಕಿದರೆ ನೊರೆ ಬರುತ್ತದೆ, 'ಕ್ಯಾಲ್ಸೈಟ್' ಎಂದು ಬರೆದು ಬದಿಗಿಡುತ್ತಾರೆ. ನಾನು ಮೊದಲು ತೆಳು ಬ್ಲೇಡಿನಿಂದ ಒಂದು ಪದರ ಎಬ್ಬಿಸುತ್ತೇನೆ. ಮೋಸ್ ಅಳತೆಯಲ್ಲಿ ಕಾಠಿಣ್ಯ 2.5 ಮಾತ್ರ, ಒಂದೇ ದಿಕ್ಕಿಗೆ ಸಲೀಸಾಗಿ ಸೀಳುತ್ತದೆ. ಎದ್ದ ಹಾಳೆ ಮುರಿಯದೆ ಬಾಗುತ್ತದೆ. ಲೆನ್ಸಿನಡಿ ನಡುಭಾಗ ಮುತ್ತಿನಂತೆ ಹೊಳೆದರೆ, ಅಂಚಿನಲ್ಲಿ ಹಿಟ್ಟು ಉದುರಿದಂತೆ ಮಂಕು ಪಟ್ಟಿ ಕಾಣುತ್ತದೆ. ಆಮ್ಲದ ಹನಿಗೆ ಹೊಸ ಮೈ ಸದ್ದಿಲ್ಲದೆ ಕರಗುತ್ತದೆ.

ಇನ್ನು ಇದನ್ನೇ ಹೋಲುವ ಬ್ರೂಸೈಟ್, ಅಂದರೆ ಮೆಗ್ನೀಸಿಯಂ ಹೈಡ್ರಾಕ್ಸೈಡ್. ಅದೂ ಹೀಗೇ ಬಾಗುತ್ತದೆ, ಕ್ಷಾರ ತೋರಿಸುವ ಫೀನಾಲ್ಫ್ತಲೀನ್ ಹಾಕಿದರೆ ಅದೂ ಗುಲಾಬಿಯಾಗುತ್ತದೆ, ಹಾಗಾಗಿ ಆ ಬಣ್ಣವನ್ನು ನೆಚ್ಚಬೇಡಿ. ಕುದಿಸಿ ಆರಿಸಿದ ಶುದ್ಧ ನೀರಿನ ಕೆಲವೇ ಹನಿಗಳಲ್ಲಿ ಚೂರನ್ನು ನೆನೆಸಿ, ಮುಚ್ಚಿಟ್ಟು, ಪಿಎಚ್ ಕಾಗದ ಅದ್ದಿ. 12ರ ಮೇಲಿದ್ದರೆ ಪೋರ್ಟ್‌ಲ್ಯಾಂಡೈಟ್, 10ರ ಆಸುಪಾಸಾದರೆ ಬ್ರೂಸೈಟ್. ಎಕ್ಸ್-ರೇ ವಿವರ್ತನೆಗೆ (ಎಕ್ಸ್-ಕಿರಣ ಚದುರುವ ಕೋನಗಳಿಂದ ಖನಿಜ ಗುರುತಿಸುವ ಪರೀಕ್ಷೆ) ಕಳಿಸುವುದಾದರೆ ಐಸೊಪ್ರೊಪೈಲ್ ಆಲ್ಕೊಹಾಲಿನಲ್ಲಿ ಮುಳುಗಿಸಿ ಅರೆಯಿರಿ, ತಡಮಾಡದೆ ಪರೀಕ್ಷೆಗೆ ಹಾಕಿ. ತಾಮ್ರದ ವಿಕಿರಣಕ್ಕೆ ಇದರ ಶೃಂಗಗಳು 18.0 ಮತ್ತು 34.1 ಡಿಗ್ರಿಯಲ್ಲಿ. 29.4ರಲ್ಲಿ ಏರಿದ್ದು ಕ್ಯಾಲ್ಸೈಟ್. ಅದು ಅರೆಯುವಾಗಲೇ ಸೇರಿಕೊಂಡದ್ದೂ ಇರಬಹುದು.

ನೀರಿನಲ್ಲಿ ಮಾತ್ರ ತೊಳೆಯಬೇಡಿ. ಲೀಟರಿಗೆ ಸುಮಾರು 1.7 ಗ್ರಾಂ ಕರಗಿ, ಹರಳಿನ ಚೂಪು ಅಂಚುಗಳೇ ಮೊದಲು ಹೋಗುತ್ತವೆ. ಒದ್ದೆ ಮೈಗೆ ಗಾಳಿಯೂ ಬೇಗ ತಗಲುತ್ತದೆ. 99% ಐಸೊಪ್ರೊಪೈಲ್, ಮೆತ್ತನೆಯ ಕುಂಚ ಸಾಕು. ಪುಡಿ ಕಣ್ಣನ್ನು ಸುಡುತ್ತದೆ, ರಕ್ಷಣಾ ಕನ್ನಡಕ ಬೇಕೇ ಬೇಕು.

ಇಡುವುದು ಬಿಗಿ ಮುಚ್ಚಳದ ಗಾಜಿನ ಸೀಸೆಯಲ್ಲಿ, ಜೊತೆಗೆ ಸಿಲಿಕಾ ಜೆಲ್. ತೇವವಿಲ್ಲದಿದ್ದರೆ ಕ್ರಿಯೆ ಬಹಳ ನಿಧಾನ. ಯಾವುದರೊಂದಿಗೂ ಬೆರೆಯದ ಆರ್ಗಾನ್ ಅನಿಲ ತುಂಬಿಸಲಾದರೆ ಇನ್ನೂ ಒಳ್ಳೆಯದು. ಕ್ಯಾಲ್ಸೈಟ್ ಆಗುವಾಗ ಗಾತ್ರ ಸುಮಾರು 11% ಹಿಗ್ಗುವುದರಿಂದ ಪದರಗಳು ಬಿರಿಯುತ್ತವೆ, ಮತ್ತೆ ಕೂಡಿಸಲಾಗದು. ಬಿರುಕು ಕಾಣುವ ಮೊದಲೇ ತಿಳಿಯಲು ಹರಳನ್ನು ಆಗಾಗ ತೂಗುತ್ತೇನೆ, ಪ್ರತಿಸಲ ಜೆಲ್ಲಿನ ಜೊತೆ ಒಣಗಿಸಿದ ಮೇಲೆಯೇ. ಪೂರ್ತಿ ಬದಲಾದರೆ ತೂಕ 35% ಏರಬೇಕು. ಹಾಗಾಗಿ 1 ಗ್ರಾಂ ಹರಳಿಗೆ 10 ಮಿಲಿಗ್ರಾಂ ಏರಿತೆಂದರೆ ಸುಮಾರು 3% ಆಗಲೇ ಹೋಗಿದೆ, ಸೀಸೆಯ ಮುಚ್ಚಳ ಬದಲಿಸಬೇಕು.