ಗಂಜಿ ಊಟಕ್ಕೆ ಬೆಣ್ಣೆ ಬಟಾಟೆ

ಬೇಯಿಸಿದ ಬಟಾಟೆ, ಬೆಣ್ಣೆ, ಹಾಲು, ಉಪ್ಪು. ಮ್ಯಾಶ್ಡ್ ಪೊಟೇಟೋಗೆ ಇದಕ್ಕಿಂತ ಹೆಚ್ಚು ಏನೂ ಬೇಡ. ಹಾಗಾಗಿ ಕೆಟ್ಟರೆ ಸರಿ ಮಾಡುವ ದಾರಿಯೂ ಕಡಿಮೆ. ಸಾರಿಗೆ ಹುಳಿ ಜಾಸ್ತಿಯಾದರೆ ಬೆಲ್ಲ ಹಾಕಬಹುದು, ಪಲ್ಯಕ್ಕೆ ಖಾರ ಜಾಸ್ತಿಯಾದರೆ ಕಾಯಿತುರಿ ಉದುರಿಸಬಹುದು. ಇಲ್ಲಿ ಅಂಥದ್ದು ನಡೆಯುವುದಿಲ್ಲ.

ನಮ್ಮ ಮನೆ ಕಾಸರಗೋಡು ಜಿಲ್ಲೆಯ ಬದಿಯಡ್ಕದಿಂದ ಒಳಗೆ. ಅಡಿಕೆ ತೋಟ, ಹಟ್ಟಿಯಲ್ಲಿ ಕಾಸರಗೋಡು ಗಿಡ್ಡ ತಳಿಯ ದನ. ಮಾವನಿಗೆ ಹಲ್ಲು ಕೀಳಿಸಿದ ಸಮಯದಲ್ಲಿ ಅಗಿಯದೆ ನುಂಗುವಂಥದ್ದು ಏನಾದರೂ ಬೇಕಿತ್ತು. ಗಂಜಿಯೊಂದಿಗೆ ಎಷ್ಟು ದಿನ ಅಂತ ಬರೇ ಮಜ್ಜಿಗೆ ಕೊಡುವುದು? ಹಾಗೆ ಶುರುವಾದದ್ದು ಇದು. ಈಗ ಅವರಿಗೆ ಹಲ್ಲಿನ ಸೆಟ್ ಬಂದಿದೆ, ಹಲಸಿನ ಹಪ್ಪಳವನ್ನೂ ಕಡಿಯುತ್ತಾರೆ. ಆದರೆ ಆಟಿ ತಿಂಗಳ (ಜುಲೈ–ಆಗಸ್ಟ್) ಮಳೆಗೆ ರಾತ್ರಿ ಕುಚ್ಚಲಕ್ಕಿ ಗಂಜಿ ಮಾಡಿದರೆ, ಬಟ್ಟಲಿನ ಪಕ್ಕ ಬೆಣ್ಣೆ ಬಟಾಟೆ ಇಲ್ಲದಿದ್ದರೆ ಒಂದು ಸಲ ಅಡುಗೆಮನೆ ಕಡೆ ನೋಡುತ್ತಾರೆ. ಬಾಯಿಬಿಟ್ಟು ಕೇಳುವುದಿಲ್ಲ.

ಕೆನೆಯಂತಾಗಲು ಬೆಣ್ಣೆ ಸುರಿಯಬೇಕು ಎಂದು ಎಲ್ಲರೂ ಹೇಳುತ್ತಾರೆ. ಫ್ರಾನ್ಸಿನ ಹೆಸರಾಂತ ಬಾಣಸಿಗ ಜೊಯೆಲ್ ರೊಬುಶೋನ್ ಒಂದು ಕಿಲೋ ಬಟಾಟೆಗೆ ಕಾಲು ಕಿಲೋ ಬೆಣ್ಣೆ ಹಾಕುತ್ತಿದ್ದರು. ಅವರ ಹೋಟೆಲಿನಲ್ಲಿ ಅದಕ್ಕಿಂತಲೂ ಜಾಸ್ತಿ ಬೀಳುತ್ತಿತ್ತು ಎಂಬ ಮಾತೂ ಇದೆ. ನಮ್ಮ ಗಿಡ್ಡ ದನದ ಹಾಲಿನಲ್ಲಿ ಅಷ್ಟು ಬೆಣ್ಣೆ ಕೂಡಿಸಬೇಕಾದರೆ ಮನೆಯವರೆಲ್ಲ ಕಾಫಿ ಬಿಡಬೇಕು! ನಾನು ಕಿಲೋಗೆ ನೂರು ಗ್ರಾಂ ಹಾಕುತ್ತೇನೆ, ನೆಂಟರು ಬಂದರೆ ನೂರೈವತ್ತು. ಅಷ್ಟಕ್ಕೇ ನುಣ್ಣಗೆ ಬರುತ್ತದೆ. ಯಾಕೆಂದರೆ ಅರ್ಧ ಕೆಲಸ ಬೆಣ್ಣೆ ಹಾಕುವ ಮೊದಲೇ ಮುಗಿದಿರುತ್ತದೆ. ಆ ಕೆಲಸ ಯಾವುದೆಂದರೆ ಬಟಾಟೆಯ ನೀರು ಆರಿಸುವುದು. ನೀರು ಉಳಿದ ಬಟಾಟೆ ಬೆಣ್ಣೆಯನ್ನೂ ಹಾಲನ್ನೂ ಸರಿಯಾಗಿ ಹೀರುವುದಿಲ್ಲ, ರುಚಿಯೂ ಸಪ್ಪೆ.

ಮೊದಲು ಬಟಾಟೆಯ ವಿಷಯ. ನಮ್ಮ ನೆಲದಲ್ಲಿ ಇದು ಬೆಳೆಯುವುದಿಲ್ಲ, ಎಲ್ಲಾ ಹೊರಗಿನಿಂದ ಬರಬೇಕು. ಹಾಸನದ ಕಡೆ ಮೇ–ಜೂನ್‌ನಲ್ಲಿ ಬಿತ್ತಿದ್ದು ಸುಮಾರು ಮೂರು ತಿಂಗಳಿಗೆ ಕೀಳಲು ಬರುತ್ತದೆ. ಅಲ್ಲಿ ಜಾಸ್ತಿ ಬೆಳೆಯುವುದು ಕುಫ್ರಿ ಜ್ಯೋತಿ ಎಂಬ ತಳಿ. ಶಿಮ್ಲಾದ ಬಟಾಟೆ ಸಂಶೋಧನಾ ಸಂಸ್ಥೆ 1968ರಲ್ಲಿ ಬಿಡುಗಡೆ ಮಾಡಿದ್ದು. ಬಿಳಿ ಮೈ, ಕಣ್ಣುಗಳು ಆಳವಿಲ್ಲ, ಸುಲಿಯಲು ಸುಲಭ. ಚೆನ್ನಾಗಿ ಬಲಿತ ಜ್ಯೋತಿ ಸಿಕ್ಕಿದರೆ ನನಗೆ ಅದೇ ಸಾಕು. ಆದರೆ ಹೆಬ್ಬೆರಳಲ್ಲಿ ಉಜ್ಜಿದರೆ ಸಿಪ್ಪೆ ಏಳುವ ಎಳೆಯ ಬಟಾಟೆ ಇದಕ್ಕೆ ಬೇಡ. ಅದು ಹುಳಿಗೆ, ಪಲ್ಯಕ್ಕೆ ಒಳ್ಳೆಯದು, ತುಂಡಾಗಿಯೇ ನಿಲ್ಲುತ್ತದೆ. ನಮಗೆ ಬೇಕಾದದ್ದು ಬೆಂದರೆ ಹಿಟ್ಟುಹಿಟ್ಟಾಗಿ ಒಡೆಯುವಂಥದ್ದು.

ಆಟಿಯಲ್ಲಿ ಅಂಗಡಿಗೆ ಬರುವುದು ಹೆಚ್ಚಾಗಿ ಕೋಲ್ಡ್ ಸ್ಟೋರೇಜ್ ಮಾಲು. ತಣ್ಣಗಿನ ಜಾಗದಲ್ಲಿ ತಿಂಗಳುಗಟ್ಟಲೆ ಕೂತ ಬಟಾಟೆಯ ಪಿಷ್ಟ ಸ್ವಲ್ಪ ಸ್ವಲ್ಪವೇ ಸಕ್ಕರೆಯಾಗುತ್ತದೆ. ಬಾಯಿಗೆ ಸಿಹಿ ಸಿಹಿ. ಹುರಿದರೆ ಬೇಗ ಕಂದಾಗುವುದೂ ಅದೇ ಕಾರಣಕ್ಕೆ. ಮನೆಯ ಫ್ರಿಜ್ಜಿನಲ್ಲಿ ಇಟ್ಟರೂ ಇದೇ ಕತೆ. ನಾನು ತಂದದ್ದನ್ನು ಗೋಣಿ ಹಾಸಿ, ಬೆಳಕು ಬೀಳದ ಉಗ್ರಾಣದ ಮೂಲೆಯಲ್ಲಿ ಹರಡಿಡುತ್ತೇನೆ. ಒಂದೆರಡು ವಾರ ಹಾಗೆ ಹೊರಗೆ ಇದ್ದರೆ ಸಿಹಿ ತಕ್ಕಮಟ್ಟಿಗೆ ಇಳಿಯುತ್ತದೆ. ಹಸಿರು ತಿರುಗಿದ್ದನ್ನು ಮಾತ್ರ ಆರಿಸಿ ಬಿಸಾಡುವುದು.

ಯಾವ ಬಟಾಟೆ ಹಿಟ್ಟಿನದು, ಯಾವುದು ನೀರಿನದು ಎಂದು ಹೊರಗಿಂದ ನೋಡಿದರೆ ಗೊತ್ತಾಗುವುದಿಲ್ಲ. ಅದಕ್ಕೆ ಒಂದು ಪರೀಕ್ಷೆ ಇದೆ. 11 ಲೋಟ ನೀರಿಗೆ 1 ಲೋಟ ಪುಡಿ ಉಪ್ಪು ಕರಗಿಸಿ ಬಟಾಟೆ ಬಿಡಿ. ಪಿಷ್ಟ ಜಾಸ್ತಿ ಇರುವುದು ಭಾರ, ಮುಳುಗುತ್ತದೆ. ನೀರಿನಂಶದ್ದು ತೇಲುತ್ತದೆ. ಮುಳುಗಿದ್ದು ಬೆಣ್ಣೆ ಬಟಾಟೆಗೆ, ತೇಲಿದ್ದು ನಾಳೆಯ ಹುಳಿಗೆ. ಪ್ರತಿ ಸಲ ಮಾಡಬೇಕೆಂದಿಲ್ಲ, ಹೊಸ ಮಾಲು ತಂದಾಗ ಮಾಡಿದರೆ ಸಾಕು. ಉಪ್ಪುನೀರು ತೆಂಗಿನ ಬುಡಕ್ಕೆ ಹೋಗುತ್ತದೆ. ನಮ್ಮಲ್ಲಿ ತೆಂಗಿಗೆ ಉಪ್ಪು ಹಾಕುವುದು ಹೊಸತೇನೂ ಅಲ್ವಲ್ಲ.

ಬೇಯಿಸುವುದು ಸಿಪ್ಪೆ ಸಮೇತ, ಇಡಿಯಾಗಿ. ಆದಷ್ಟು ಒಂದೇ ಗಾತ್ರದವು ಇರಲಿ. ಕತ್ತರಿಸಿ ಹಾಕಿದರೆ ಬೇಗ ಬೇಯುತ್ತದೆ ನಿಜ, ಆದರೆ ಕತ್ತರಿಸಿದ ಮೈಯಿಂದೆಲ್ಲ ನೀರು ಒಳಗೆ ಹೋಗುತ್ತದೆ. ತಣ್ಣೀರಿಗೇ ಹಾಕಿ ಒಲೆ ಹಚ್ಚಬೇಕು. ಕುದಿಯುವ ನೀರಿಗೆ ಹಾಕಿದರೆ ಒಳಗೆ ಗಟ್ಟಿ ಇರುವಾಗಲೇ ಹೊರಗೆ ಒಡೆದುಹೋಗುತ್ತದೆ. ನೀರಿಗೆ ಒಂದು ಮುಷ್ಟಿ ಕಲ್ಲುಪ್ಪು. ಕುದಿ ಬಂದ ಮೇಲೆ ಉರಿ ಸಣ್ಣ ಮಾಡಿ, ಅರ್ಧ ಗಂಟೆಯ ಹತ್ತಿರ. ಹಿಡಿಸೂಡಿಯ ಕಡ್ಡಿ ತೊಳೆದು ಚುಚ್ಚುತ್ತೇನೆ. ನಡುವಿನ ತನಕ ತಡೆಯಿಲ್ಲದೆ ಇಳಿದರೆ ಆಯಿತು. ಕುಕ್ಕರಿನಲ್ಲಿ ಮಾಡುವವರು ಬಟಾಟೆಯನ್ನು ನೀರಿನಲ್ಲಿ ಮುಳುಗಿಸದೆ, ತಟ್ಟೆಯ ಮೇಲಿಟ್ಟು ಹಬೆಯಲ್ಲಿ ಬೇಯಿಸಿದರೆ ಒಳ್ಳೆಯದು.

ಮುಂದಿನದು ಅವಸರದ ಕೆಲಸ. ಬಟಾಟೆ ಬಿಸಿ ಇರುವಾಗಲೇ ಸುಲಿದು ಪುಡಿ ಮಾಡಬೇಕು. ಎಡಗೈಯಲ್ಲಿ ಮಡಚಿದ ಬೈರಾಸು, ಅದರ ಮೇಲೆ ಬಟಾಟೆ, ಬಲಗೈಯಲ್ಲಿ ಸಣ್ಣ ಚೂರಿ. ತುದಿಯಿಂದ ಎಳೆದರೆ ಸಿಪ್ಪೆ ತೆಳ್ಳಗೆ ಬರುತ್ತದೆ. ಒಳಗಿಂದ ಹಬೆ ಏಳಬೇಕು. ಆ ಹಬೆ ಅಂದರೆ ಹೊರಗೆ ಹೋಗುತ್ತಿರುವ ನೀರು, ಹೋಗಲಿ ಬಿಡಿ. ಮುಚ್ಚಿಟ್ಟರೆ ಅದೇ ನೀರು ತಿರುಗಿ ಬಟಾಟೆಗೆ ಬೀಳುತ್ತದೆ.

ಪುಡಿ ಮಾಡಲು ಪೇಟೆಯಲ್ಲಿ ಏನೇನೋ ಸಾಮಾನು ಸಿಗುತ್ತದೆ. ನಮ್ಮ ಮನೆಗಳಲ್ಲಿ ಅದಕ್ಕಿಂತ ಒಳ್ಳೆಯದೊಂದು ಮೊದಲೇ ಇದೆ: ಸೇಮಿಗೆ ಒತ್ತುವ ಮಣೆ. ಉದ್ದ ಹಿಡಿ, ಅಗಲ ಪೀಠ, ಮೈಭಾರ ಹಾಕಿ ಒತ್ತುವಂಥದ್ದು. ಹೊರದೇಶದವರು ಇದಕ್ಕೆಂದೇ ಇಟ್ಟುಕೊಳ್ಳುವ ರೈಸರ್ ಮಾಡುವುದೂ ಇಷ್ಟೇ, ಬೆಂದ ಬಟಾಟೆಯನ್ನು ತೂತುಗಳಲ್ಲಿ ಒಂದೇ ಸಲ ತಳ್ಳುವುದು. ಸೇಮಿಗೆ ಬಿಲ್ಲೆಯ ತೂತು ಸ್ವಲ್ಪ ಸಣ್ಣದು, ಹಾಗಾಗಿ ಗಟ್ಟಿ ಒತ್ತಬೇಕಾಗುತ್ತದೆ. ದೊಡ್ಡ ತೂತಿನ ಖಾರಕಡ್ಡಿ ಬಿಲ್ಲೆ ಇದ್ದರೆ ಅದನ್ನು ಹಾಕಿ. ಬಟಾಟೆ ಬಿಳಿ ಎಳೆ ಎಳೆಯಾಗಿ ಬಾಣಲೆಗೆ ಬೀಳುತ್ತದೆ, ಒಂದು ಎಳೆಗೂ ಇನ್ನೊಂದಕ್ಕೂ ನಡುವೆ ಗಾಳಿ ಇರುತ್ತದೆ. ಗಂಟು ಉಳಿಯುವ ಪ್ರಶ್ನೆಯೇ ಇಲ್ಲ. ಮಣೆ ಇಲ್ಲದವರು ದೊಡ್ಡ ಕಣ್ಣಿನ ಜರಡಿಯಲ್ಲಿ ಸಟ್ಟುಗದಿಂದ ಒತ್ತಬಹುದು.

ಮಿಕ್ಸಿ ಮಾತ್ರ ಬೇಡವೇ ಬೇಡ. ಗ್ರೈಂಡರೂ ಬೇಡ. "ನುಣ್ಣಗೆ ಆಗಬೇಕಲ್ಲ ಅಕ್ಕಾ, ಒಂದು ಸುತ್ತು ತಿರುಗಿಸಿದರೆ ಏನಾಗುತ್ತದೆ?" ಎಂದು ನಾದಿನಿ ಕೇಳಿದ್ದಳು. ಏನಾಗುತ್ತದೆ ಎಂದರೆ, ಬಟಾಟೆಯ ಒಳಗೆ ಪಿಷ್ಟ ಸಣ್ಣ ಸಣ್ಣ ಕೋಶಗಳಲ್ಲಿ ಇರುತ್ತದೆ. ಬೇಯುವಾಗ ಆ ಪಿಷ್ಟ ನೀರು ಕುಡಿದು ಉಬ್ಬುತ್ತದೆ. ಮೆಲ್ಲಗೆ ಒತ್ತಿದರೆ ಕೋಶಗಳು ಒಂದರಿಂದೊಂದು ಬಿಡಿಸಿಕೊಳ್ಳುತ್ತವೆ, ಒಡೆಯುವುದಿಲ್ಲ. ಮಿಕ್ಸಿಯ ಬ್ಲೇಡು ಅವನ್ನು ಸೀಳುತ್ತದೆ. ಒಳಗಿನದೆಲ್ಲ ಹೊರಗೆ ಬಂದು ಪೋಸ್ಟರ್ ಅಂಟಿಸುವ ಮೈದಾ ಸರಿಯ ಹಾಗೆ ಆಗುತ್ತದೆ. ಚಮಚ ಎತ್ತಿದರೆ ನೂಲು ಬರುತ್ತದೆ, ಅಂಗುಳಕ್ಕೆ ಮೆತ್ತಿಕೊಳ್ಳುತ್ತದೆ. ಆಮೇಲೆ ಎಷ್ಟು ಬೆಣ್ಣೆ ಹಾಕಿದರೂ ಹಿಂದಕ್ಕೆ ಬರುವುದಿಲ್ಲ. ತಣ್ಣಗಾದ ಬಟಾಟೆಯನ್ನು ಗಸಗಸ ಉಜ್ಜಿದರೂ, ಹಾಲು ಹಾಕಿದ ಮೇಲೆ ತುಂಬಾ ಹೊತ್ತು ಕಡೆದರೂ ಅದೇ ಪಾಡು.

ಸಿಕ್ಕಿದ ಬಟಾಟೆಯೇ ಅಂಟಿನದು ಎಂದು ಅನುಮಾನ ಇದ್ದರೆ ಇನ್ನೊಂದು ಉಪಾಯ ಇದೆ. ಒಣ ಬಟಾಟೆ ಪುಡಿಯ ಪ್ಯಾಕೆಟ್ ಮಾಡುವ ಕಾರ್ಖಾನೆಗಳಲ್ಲಿ ಮಾಡುವ ಕ್ರಮ ಇದು. ಸುಲಿದು ದಪ್ಪ ಬಿಲ್ಲೆ ಮಾಡಿ, ಸುಮಾರು 70 ಡಿಗ್ರಿ ಬಿಸಿನೀರಿನಲ್ಲಿ ಅರ್ಧ ಗಂಟೆ ಇಡಬೇಕು. ಅಂದರೆ ಹಬೆ ಬರುತ್ತಿರಬೇಕು, ಕುದಿಯಬಾರದು. ಆಮೇಲೆ ತಣ್ಣೀರಿನಲ್ಲಿ ಪೂರ್ತಿ ತಣಿಸಿ, ಮತ್ತೆ ಹೊಸ ನೀರಿನಲ್ಲಿ ಕುದಿಸಿ ಬೇಯಿಸುವುದು. ಒಮ್ಮೆ ಉಬ್ಬಿ ತಣಿದ ಪಿಷ್ಟ ಒಳಗೇ ಗಟ್ಟಿ ಕೂರುತ್ತದೆ, ಹೊರಗೆ ಬಂದು ಅಂಟಾಗುವುದು ಕಡಿಮೆ. ಚೆನ್ನಾಗಿಯೇ ಆಗುತ್ತದೆ. ಆದರೆ ದಿನದ ಅಡುಗೆಗೆ ಇಷ್ಟು ಉಪಚಾರ ಯಾರಿಗೆ ಬೇಕು? ನೆಂಟರಿಗೆ ಮಾಡುವಾಗ ಸರಿ.

ಈಗ ನೀರು ಆರಿಸುವುದು. ಒತ್ತಿದ ಬಟಾಟೆ ದಪ್ಪ ತಳದ ಬಾಣಲೆಯಲ್ಲಿ, ಸಣ್ಣ ಉರಿಯಲ್ಲಿ, ಮೂರು ನಾಲ್ಕು ನಿಮಿಷ. ಮರದ ಸಟ್ಟುಗದಲ್ಲಿ ಅಡಿಯಿಂದ ಮೇಲಕ್ಕೆ ಮಗುಚುತ್ತಾ ಇರಬೇಕು. ಮೊದಲು ಹಬೆ ದಟ್ಟವಾಗಿ ಏಳುತ್ತದೆ, ಮೆಲ್ಲಗೆ ಕಡಿಮೆಯಾಗುತ್ತದೆ. ಬಾಣಲೆಯ ತಳದಲ್ಲಿ ತೆಳು ಬಿಳಿ ಪೊರೆ ಹಿಡಿಯುತ್ತದೆ, ಬಟಾಟೆ ಸಟ್ಟುಗದ ಹಿಂದೆ ಒಟ್ಟಾಗಿ ಬರಲು ಶುರುಮಾಡುತ್ತದೆ. ಅಲ್ಲಿಗೆ ನಿಲ್ಲಿಸಿ. ಕೆಂಪಾಗಬಾರದು. ಕಬ್ಬಿಣದ ಬಾಣಲೆ ಇದಕ್ಕೆ ಆಗುವುದಿಲ್ಲ. ಬಟಾಟೆ ಕಬ್ಬಿಣ ತಾಗಿದರೆ ಬೂದು ಬಣ್ಣಕ್ಕೆ ತಿರುಗುತ್ತದೆ. ಸ್ಟೀಲ್ ಒಳ್ಳೆಯದು.

ಮೊದಲು ಬೆಣ್ಣೆ, ಆಮೇಲೆ ಹಾಲು. ಈ ಕ್ರಮ ತಪ್ಪಬಾರದು. ಬೆಣ್ಣೆಯ ಜಿಡ್ಡು ಪಿಷ್ಟದ ಮೇಲೆ ಹರಡಿಕೊಂಡರೆ ಆಮೇಲೆ ಬರುವ ಹಾಲು ಅದನ್ನು ಅಂಟು ಮಾಡುವುದು ಕಡಿಮೆ. ನಮ್ಮದು ಮೊಸರು ಕಡೆದು ತೆಗೆದ ಬೆಣ್ಣೆ. ಅದನ್ನು ನೀರು ತಿಳಿಯಾಗುವವರೆಗೆ ತೊಳೆಯಬೇಕು. ಮಜ್ಜಿಗೆ ಉಳಿದರೆ ಬಿಸಿ ಹಾಲು ತಾಗಿದ ಕೂಡಲೇ ಒಡೆಯಬಹುದು. ಆ ದಿನ ತೆಗೆದ ಬೆಣ್ಣೆಯಾದರೆ ಒಂದು ಸಣ್ಣ ಹುಳಿ ಇರುತ್ತದೆ, ಗಂಜಿಗೆ ಅದು ಬಹಳ ಚೆನ್ನ. ನಾಲ್ಕು ದಿನದ ಹಳೆ ಬೆಣ್ಣೆಯನ್ನು ತುಪ್ಪಕ್ಕೆ ಇಟ್ಟುಬಿಡಿ. ಅಂಗಡಿಯ ಬೆಣ್ಣೆ ಹಾಕುವವರು ಉಪ್ಪಿನದೋ ಸಪ್ಪೆಯದೋ ನೋಡಿಕೊಳ್ಳಿ, ಉಪ್ಪಿನದಾದರೆ ಮೇಲಿಂದ ಹಾಕುವ ಉಪ್ಪಿನಲ್ಲಿ ಕೈ ಹಿಡಿಯಿರಿ. ತಣ್ಣಗಿನ ಬೆಣ್ಣೆಯನ್ನೇ ಸಣ್ಣ ತುಂಡು ಮಾಡಿ, ಒಂದು ಕರಗಿದ ಮೇಲೆ ಇನ್ನೊಂದು.

ಹಾಲು ಬಿಸಿ ಇರಬೇಕು. ಕಿಲೋ ಬಟಾಟೆಗೆ ಒಂದು ಲೋಟ, 200ರಿಂದ 250 ಮಿಲಿ. ಪೂರ್ತಿ ಒಮ್ಮೆಲೇ ಸುರಿಯದೆ ಧಾರೆಯಾಗಿ ಬಿಡುತ್ತಾ ಮಗುಚಿ. ಸಟ್ಟುಗ ಎತ್ತಿ ಓರೆ ಮಾಡಿದರೆ ಮುದ್ದೆಯಾಗಿ ಬೀಳದೆ, ನೀರಾಗಿ ಸುರಿಯದೆ, ನಿಧಾನ ಜಾರಬೇಕು. ಗಂಜಿಗಾದರೆ ನಾನು ಸ್ವಲ್ಪ ಗಟ್ಟಿಯೇ ಬಿಡುತ್ತೇನೆ, ಚಪಾತಿಗಾದರೆ ತೆಳ್ಳಗೆ. ಕರು ಕುಡಿದು ಹಾಲು ಉಳಿಯದ ದಿನ ತೆಂಗಿನಕಾಯಿಯ ಮೊದಲ ಹಾಲು ಹಾಕಿದ್ದೂ ಇದೆ. ಅದನ್ನು ಕುದಿಸಬಾರದು, ಒಡೆಯುತ್ತದೆ. ಬೆಚ್ಚಗೆ ಮಾಡಿ ಒಲೆಯಿಂದ ಇಳಿಸಿದ ಮೇಲೆ ಸೇರಿಸಿ. ರುಚಿ ಬೇರೆಯೇ, ಆದರೆ ನಮ್ಮ ನಾಲಿಗೆಗೆ ಪರಕೀಯವಲ್ಲ.

ಕೊನೆಗೆ ಒಳ್ಳೆಮೆಣಸು. ತೋಟದ್ದೇ ಇದೆ, ಆಗಲೇ ಕುಟ್ಟಿ ತರಿತರಿ ಮಾಡಿ ಉದುರಿಸುವುದು. ಬಿಳಿ ಬಟಾಟೆಯಲ್ಲಿ ಕಪ್ಪು ಚುಕ್ಕಿ ಕಾಣಬಾರದೆಂದು ಹೋಟೆಲಿನವರು ಬಿಳಿ ಮೆಣಸು ಹಾಕುತ್ತಾರೆ. ನನಗೆ ಕಪ್ಪಿನ ಪರಿಮಳವೇ ಇಷ್ಟ, ಚುಕ್ಕಿ ಕಂಡರೆ ಕಾಣಲಿ.

ಒಗ್ಗರಣೆಯ ವಿಷಯದಲ್ಲಿ ಮನೆಯಲ್ಲಿ ಇನ್ನೂ ರಾಜಿ ಆಗಿಲ್ಲ. "ಬೆಣ್ಣೆಯೇ ಇದೆಯಲ್ಲ ಮಾವ, ಎಣ್ಣೆ ಯಾಕೆ?" ಎಂದರೆ, "ಒಗ್ಗರಣೆ ಇಲ್ಲದ್ದು ಊಟದ ಸಾಮಾನೋ ಮಾರಾಯ್ತಿ?" ಎನ್ನುತ್ತಾರೆ. ಈಗ ಮಾಡುವುದು ಹೀಗೆ. ತೆಂಗಿನೆಣ್ಣೆಯಲ್ಲಿ ಸಾಸಿವೆ, ಒಂದು ಒಣಮೆಣಸು, ಕರಿಬೇವು ಹಾಕಿ ಪುಟ್ಟ ಸೌಟಿನಲ್ಲಿ ಬೇರೆ ಇಡುವುದು, ಬೇಕಾದವರು ತಮ್ಮ ಪಾಲಿನ ಮೇಲೆ ಹಾಕಿಕೊಳ್ಳುವುದು. ಪಾತ್ರೆಗೇ ಸುರಿದು ಕಲಸಿದರೆ ಬೆಣ್ಣೆಯ ರುಚಿ ಹೋಗಿ ಬಟಾಟೆ ಪಲ್ಯದ ರುಚಿ ಬರುತ್ತದೆ. ಹಾಗಾದರೆ ಪಲ್ಯವನ್ನೇ ಮಾಡಬಹುದಿತ್ತಲ್ಲ! ಗಾಂಧಾರಿ ಮೆಣಸನ್ನು ಉಪ್ಪಿನೊಂದಿಗೆ ಜಜ್ಜಿ ಅಂಚಿಗೆ ಇಟ್ಟುಕೊಳ್ಳುವುದು ಮಾತ್ರ ನನಗೂ ಒಪ್ಪಿಗೆ. ಮಿಡಿ ಉಪ್ಪಿನಕಾಯಿಯ ರಸವೂ ಹೊಂದುತ್ತದೆ.

ಊಟ ತಡವಾದರೆ ನೇರ ಒಲೆಯ ಮೇಲೆ ಬಿಸಿ ಇಡಬೇಡಿ, ಅಡಿ ಹಿಡಿಯುತ್ತದೆ. ಇಡ್ಲಿ ಬೇಯಿಸುವ ಅಟ್ಟಿನಳಗೆಯಲ್ಲಿ ನೀರು ಬಿಸಿ ಮಾಡಿ, ಒಳಗೆ ಪಾತ್ರೆ ಇಟ್ಟರೆ ಒಂದು ಗಂಟೆ ಹಾಗೇ ಇರುತ್ತದೆ. ಮೇಲೆ ಒಂದು ಚಮಚ ಹಾಲು ಹಾಕಿಟ್ಟರೆ ಕೆನೆ ಕಟ್ಟಿ ಒಣಗುವುದಿಲ್ಲ. ಬಡಿಸುವ ಮೊದಲು ಒಮ್ಮೆ ಮಗುಚಿದರಾಯಿತು.

ಉಳಿದದ್ದು ಮರುದಿನ ಗಟ್ಟಿಯಾಗಿರುತ್ತದೆ, ಪಿಷ್ಟ ತಣಿದರೆ ಹಾಗೆಯೇ. ಬಿಸಿ ಹಾಲು ಸೇರಿಸಿ ತಿರುಗಿ ಮೆತ್ತಗೆ ಮಾಡಬಹುದು, ಆದರೆ ಮೊದಲ ದಿನದ ನಯ ಬರುವುದಿಲ್ಲ. ನಾನು ಅದಕ್ಕೆ ಹಿಡಿದಷ್ಟು ಅಕ್ಕಿ ಹಿಟ್ಟು, ಹೆಚ್ಚಿದ ನೀರುಳ್ಳಿ, ಹಸಿಮೆಣಸು, ಸ್ವಲ್ಪ ಜೀರಿಗೆ ಕಲಸಿ, ಬಾಳೆಲೆಯ ಮೇಲೆ ತೆಳ್ಳಗೆ ತಟ್ಟಿ ಕಾವಲಿಗೆ ಕವಚಿ ಹಾಕುತ್ತೇನೆ. ಎಲೆ ಬಾಡಿ ಬಣ್ಣ ತಿರುಗಿದ ಮೇಲೆ ಎಳೆದರೆ ರೊಟ್ಟಿ ಹರಿಯದೆ ಬಿಡುತ್ತದೆ. ಬೆಣ್ಣೆ ಒಳಗೇ ಇರುವುದರಿಂದ ಎಣ್ಣೆ ಎರಡು ಹನಿ ಸಾಕು. ಸಣ್ಣ ಉರಿಯಲ್ಲಿ ಎರಡೂ ಬದಿ ಕೆಂಪಗೆ ಬೇಯಲಿ, ಅವಸರ ಮಾಡಿದರೆ ಒಳಗಿನ ಅಕ್ಕಿ ಹಿಟ್ಟು ಹಸಿ ಉಳಿಯುತ್ತದೆ.