ಅಜ್ಜಿ ಮಾಡಿದ ಮೂರು ಗುಡ್ಡೆ

ಮದುವೆಯಾಗಿ ಮಾಗಡಿ ಕಡೆಯ ಹಳ್ಳಿಗೆ ಬಂದ ಮೊದಲ ಮಳೆಗಾಲ. ಅತ್ತೆ ಕೈಗೆ ಒಂದು ಮಂಕರಿ ಕೊಟ್ಟು, "ಹೊಲದ ಕಡೆ ಹೋಗಿ ಒಂದಿಷ್ಟು ಬೆರಕೆ ಸೊಪ್ಪು ಕುಯ್ಕೊಂಡು ಬಾರಮ್ಮ" ಅಂದರು. ನಾನು ಬೆಂಗಳೂರಿನಲ್ಲಿ ಬೆಳೆದವಳು. ನನಗೆ ಗೊತ್ತಿದ್ದದ್ದು ದಂಟು, ಮೆಂತ್ಯ, ಸಬ್ಬಸಿಗೆ, ಪಾಲಕ್. ಎಲ್ಲವೂ ಕಟ್ಟು ಕಟ್ಟಿ ಬರುವಂಥವು. ಗೊತ್ತಿಲ್ಲ ಅನ್ನಲು ನಾಚಿಕೆಯಾಗಿ, ರಾಗಿ ಹೊಲದಲ್ಲಿ ಹಸಿರಾಗಿ ಎಳೆಯದಾಗಿ ಕಂಡದ್ದನ್ನೆಲ್ಲ ಕಿತ್ತು ಮಂಕರಿ ತುಂಬಿಸಿಕೊಂಡು ಬಂದೆ.

ಪಕ್ಕದ ಮನೆಯ ಅಜ್ಜಿ ಜಗಲಿ ಮೇಲೆ ಕೂತಿದ್ದರು. ಮಂಕರಿ ಇಳಿಸಿಕೊಂಡು, ಮಾತಾಡದೆ ಮೂರು ಗುಡ್ಡೆ ಮಾಡಿದರು. ಒಂದು ಸಾರಿಗೆ. ಒಂದು ಹಸುವಿಗೆ. ಮೂರನೆಯದು ತಿಪ್ಪೆಗೆ. ಸಾರಿನ ಗುಡ್ಡೆ ಒಂದು ಹಿಡಿಯೂ ಇರಲಿಲ್ಲ! ಆಮೇಲೆ ತಿಪ್ಪೆ ಗುಡ್ಡೆಯಿಂದ ಒಂದು ಕಡ್ಡಿ ಎತ್ತಿ ನನ್ನ ಮುಂದೆ ಮುರಿದರು. ಬಿಳಿ ಹಾಲು ಬಂತು.

"ಬರೀ ಎಲೆ ನೋಡ್ಬೇಡ ಕಣವ್ವ. ಮುರಿದು ನೋಡು, ಮೂಸಿ ನೋಡು, ತಿರುಗಿಸಿ ನೋಡು."

ನಾನು ಅದನ್ನು ಗೋಣಿ ಸೊಪ್ಪು ಅಂದುಕೊಂಡು ಕಿತ್ತಿದ್ದೆ. ಎರಡೂ ನೆಲಕ್ಕೆ ಅಂಟಿಕೊಂಡು ಹರಡುತ್ತವೆ, ಎರಡರ ಕಡ್ಡಿಯೂ ಕೆಂಪಗಿರುತ್ತದೆ. ಆದರೆ ಗೋಣಿ ಸೊಪ್ಪಿನ ಎಲೆ ದಪ್ಪ, ನುಣುಪು. ಹಿಚುಕಿದರೆ ನೀರು ಬರುತ್ತದೆ, ನಾಲಿಗೆಗೆ ಹುಳಿ. ಹಳದಿ ಹೂ ಬಿಡುತ್ತದೆ. ಇನ್ನೊಂದರ ಎಲೆ ತೆಳು, ಮುರಿದ ಕಡೆ ಹಾಲು. ಅದು ಯುಫೋರ್ಬಿಯಾ ಜಾತಿಯ ಕಳೆ, ತಿನ್ನುವಂಥದ್ದಲ್ಲ. ಹಾಲು ಬರುವ ಗಿಡವೆಲ್ಲ ವಿಷ ಅಂತ ಇದರ ಅರ್ಥ ಅಲ್ಲ. ಆದರೆ ಹೊಲದಲ್ಲಿ ಗೋಣಿ ಸೊಪ್ಪು ಹುಡುಕುವವರಿಗೆ ಈ ಎರಡನ್ನು ಬೇರೆ ಮಾಡಲು ಈ ಒಂದು ಪರೀಕ್ಷೆ ಸಾಕು.

ಅವತ್ತಿನಿಂದ ಹೆಚ್ಚೂಕಡಿಮೆ ಮೂರು ಮಳೆಗಾಲ ಅಜ್ಜಿಯ ಹಿಂದೆ ಸುತ್ತಿದೆ. ಆರಿದ್ರ, ಪುನರ್ವಸು ಮಳೆಗೆ ರಾಗಿ ಬಿತ್ತಿದ ಮೇಲೆ ಕಳೆ ತೆಗೆಯುವ ಹೊತ್ತು ಬರುತ್ತದಲ್ಲ, ಸೊಪ್ಪಿಗೆ ಅದೇ ಸುಗ್ಗಿ. ಒಂದು ನೋಟ್‌ಬುಕ್ ಇಟ್ಟುಕೊಂಡೆ. ಗಿಡ ಎಲ್ಲಿ ಸಿಕ್ಕಿತು, ಹೊಲವೋ ಬದುವೋ ಕೆರೆ ಅಂಗಳವೋ, ಯಾವ ಮಳೆಯಲ್ಲಿ, ಯಾರು ಯಾವ ಹೆಸರು ಹೇಳಿದರು, ಎಲ್ಲ ಬರೆದೆ. ಒಣಗಿಸಿ ಇಟ್ಟುಕೊಳ್ಳಲು ಒಂದು ಕಡ್ಡಿಯನ್ನು ಹಳೇ ಪೇಪರ್ ನಡುವೆ ಇಟ್ಟು ಮೇಲೆ ಒರಳುಗುಂಡು ಹೇರುತ್ತಿದ್ದೆ. ದಿನಾ ಪೇಪರ್ ಬದಲಿಸಬೇಕು, ಇಲ್ಲದಿದ್ದರೆ ಬೂಸ್ಟು ಹಿಡಿಯುತ್ತದೆ. ಗೋಣಿ ಸೊಪ್ಪು ಮಾತ್ರ ನನ್ನನ್ನು ಆಟ ಆಡಿಸಿತು. ವಾರ ಕಳೆದು ತೆಗೆದರೆ ಪೇಪರ್ ಒಳಗೇ ಹಸಿರಾಗಿ ಕೂತಿತ್ತು, ಒಂದು ಹೂ ಬೇರೆ! ಎಲೆಯಲ್ಲಿ ಅಷ್ಟು ನೀರು. ಕುದಿಯುವ ನೀರಲ್ಲಿ ಒಂದು ಸಲ ಅದ್ದಿ ಆಮೇಲೆ ಒತ್ತಬೇಕು ಅಂತ ತಿಳಿಯಲು ಎರಡು ಸಲ ಕೆಡಿಸಬೇಕಾಯಿತು.

ಮೊಬೈಲ್ ಆ್ಯಪ್ ಬಳಸಿಲ್ಲ ಅಂತಲ್ಲ. ಹೂ ಇರುವ ಗಿಡಕ್ಕೆ ಪರವಾಗಿಲ್ಲ. ಆದರೆ ಸೊಪ್ಪು ಕುಯ್ಯುವುದು ಹೂ ಬಿಡುವ ಮೊದಲು ಅಲ್ವಾ? ಎಳೆ ಗಿಡದ ಫೋಟೋ ಹಾಕಿದರೆ ಒಂದೇ ಗಿಡಕ್ಕೆ ಮೂರು ಹೆಸರು ಕೊಡುತ್ತದೆ. ಹಾಗಾಗಿ ನಾನು ಗಿಡವನ್ನು ಕೀಳದೆ ಗುರುತು ಇಟ್ಟು ಬಿಟ್ಟೆ. ಪಕ್ಕದಲ್ಲಿ ಒಂದು ಕಡ್ಡಿ ಚುಚ್ಚಿ, ವಾರಕ್ಕೊಮ್ಮೆ ಹೋಗಿ ನೋಡಿದೆ. ಮೊಳಕೆ, ಎಲೆ, ಹೂ, ಕಾಯಿ ಎಲ್ಲ ಒಂದೇ ಗಿಡದಲ್ಲಿ ನೋಡಿದ ಮೇಲೆ ಮುಂದಿನ ವರ್ಷ ಎರಡು ಎಲೆ ಇದ್ದಾಗಲೇ ಗುರುತು ಸಿಗುತ್ತದೆ. ಸಸ್ಯಶಾಸ್ತ್ರದ ಹೆಸರು ಬೇಕಾದಾಗ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಡಿಜಿಟಲ್ ಫ್ಲೋರಾ ಅನ್ನುವ ಸಸ್ಯಗಳ ಜಾಲತಾಣದಲ್ಲಿ ಒಣಗಿಸಿದ ಮಾದರಿಗಳ ಚಿತ್ರಗಳ ಜೊತೆ ಹೋಲಿಸಿ ನೋಡುತ್ತೇನೆ.

ಅಣ್ಣೆ ಸೊಪ್ಪು ಬೇಗ ಒಲಿಯಿತು. ರಾಗಿ ಹೊಲದಲ್ಲಿ ಅದು ಬೇಡ ಅಂದರೂ ಬರುತ್ತದೆ. ಉದ್ದನೆಯ ಎಲೆ, ಮೇಲೆ ಗುಲಾಬಿ ತುದಿಯ ಬೆಳ್ಳಿ ಬಣ್ಣದ ತೆನೆಯಂಥ ಹೂ. ಕನ್ನೆ ಸೊಪ್ಪಿಗೆ ಪುಟ್ಟ ನೀಲಿ ಹೂ, ತಪ್ಪುವ ಹಾಗೇ ಇಲ್ಲ.

ಕಷ್ಟ ಕೊಟ್ಟದ್ದು ಗಣಿಕೆ. ನಮ್ಮಲ್ಲಿ ಕಾಕಿ ಸೊಪ್ಪು ಅಂತಲೂ ಅನ್ನುತ್ತಾರೆ. ಬಾಯಿ ಹುಣ್ಣಾದರೆ ಮನೆಯಲ್ಲಿ ಮೊದಲು ಹುಡುಕುವುದು ಇದನ್ನೇ. ಇದು ಬದನೆ, ಉಮ್ಮತ್ತಿಯ ಕುಟುಂಬದ್ದು, ಹಾಗಾಗಿ ಎಳೆಯದರಲ್ಲಿ ಎಲ್ಲವೂ ಅಣ್ಣ ತಮ್ಮಂದಿರ ಹಾಗೆ ಕಾಣುತ್ತವೆ. ಉಮ್ಮತ್ತಿ ಸೊಪ್ಪು ಒಳಗೆ ಹೋದರೆ ತಲೆ ಕೆಡುತ್ತದೆ, ಪ್ರಾಣಕ್ಕೂ ಅಪಾಯ. ಅಜ್ಜಿಯ ಕಟ್ಟುನಿಟ್ಟು ಏನೆಂದರೆ, ಹೂ ಬಿಡದ ಗಣಿಕೆಗೆ ಕೈ ಹಾಕಬಾರದು. ಗಣಿಕೆಯ ಹೂ ಚಿಕ್ಕದು, ಬಿಳಿ, ನಡುವೆ ಹಳದಿ. ಉಮ್ಮತ್ತಿಯದು ಕಹಳೆಯ ಹಾಗೆ ಉದ್ದ. ಗಣಿಕೆಯ ಕಾಯಿ ಗೊಂಚಲಾಗಿ ಬಂದು ಹಣ್ಣಾದಾಗ ಕಪ್ಪಾಗುತ್ತದೆ. ಹಸಿರು ಕಾಯಿ ತಿನ್ನಬಾರದು, ಅದರಲ್ಲಿ ಸೊಲನೈನ್ ಅನ್ನುವ ವಿಷ ಇರುತ್ತದೆ. ಸೊಪ್ಪನ್ನೂ ಹಸಿಯಾಗಿ ಅಲ್ಲ, ಬೇಯಿಸಿಯೇ ತಿನ್ನುತ್ತೇವೆ.

ತಗಚೆಯಲ್ಲಿ ನಾನು ನಿಜವಾಗಿಯೂ ಎಡವಿದೆ. ಆಷಾಢದಲ್ಲಿ ಎಳೆ ತಗಚೆ ಪಲ್ಯ ಮಾಡುತ್ತಾರೆ, ಮಲೆನಾಡಿನಲ್ಲಿ ಚಗಟೆ ಅನ್ನುವುದು ಇದನ್ನೇ. ಎರಡನೇ ವರ್ಷ, ಗರ್ವದಿಂದ, ರಸ್ತೆ ಬದಿಯಿಂದ ಮಡಿಲು ತುಂಬ ತಂದೆ. ಅಜ್ಜಿ ಒಂದು ಎಲೆಯ ಗರಿ ಹಿಡಿದು ಅದರ ಕಿರು ಎಲೆಗಳನ್ನು ಎಣಿಸಿದರು. "ಇದರಲ್ಲಿ ಐದು ಜೊತೆ ಐತೆ. ತಗಚೆಗೆ ಮೂರೇ." ಅದು ಸೆನ್ನಾ ಆಕ್ಸಿಡೆಂಟಾಲಿಸ್ ಅಂತ ಆಮೇಲೆ ತಿಳಿಯಿತು. ಅಜ್ಜಿಗೆ ಅದು ದೊಡ್ಡ ತಗಚೆ. ಅದರ ಎಲೆಯ ತುದಿ ಚೂಪು, ತಗಚೆಯದು ಮೊಂಡು, ತುದಿ ಕಡೆ ಅಗಲ. ಈ ದೊಡ್ಡ ತಗಚೆಯ ಬೀಜ ತಿಂದು ಉತ್ತರ ಪ್ರದೇಶದ ಪಶ್ಚಿಮ ಭಾಗದಲ್ಲಿ ಎಷ್ಟೋ ಮಕ್ಕಳು ಸತ್ತಿದ್ದರು. ಮೊದಮೊದಲು ಅದನ್ನು ಮೆದುಳಿನ ಸೋಂಕು ಅಂದುಕೊಂಡಿದ್ದರಂತೆ. ಅದನ್ನು ಓದಿದ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಈಗಲೂ ಮೂರು ಜೊತೆ ಎಣಿಸದೆ ತಗಚೆ ಮನೆಗೆ ತರುವುದಿಲ್ಲ.

ಕೊಮ್ಮೆಯಲ್ಲೂ ಎರಡಿವೆ. ನಿಜವಾದ ಕೊಮ್ಮೆ, ಅಂದರೆ ಪುನರ್ನವ, ಉದ್ದ ಕಡ್ಡಿಯ ತುದಿಯಲ್ಲಿ ಸಾಸಿವೆಯಷ್ಟು ಗುಲಾಬಿ ಹೂ ಬಿಡುತ್ತದೆ. ಕಾಯಿ ಸೀರೆಗೆ ಅಂಟಿಕೊಂಡು ಮನೆವರೆಗೂ ಬರುತ್ತದೆ. ಇನ್ನೊಂದು ಹಾಗೇ ನೆಲಕ್ಕೆ ಹರಡುತ್ತದೆ, ಆದರೆ ಅದರ ಹೂ ಎಲೆಯ ಬುಡದಲ್ಲೇ ಅಡಗಿರುತ್ತದೆ. ಎಳೆಯದಾದರೆ ಕೆಲವರು ಅದನ್ನೂ ತಿನ್ನುತ್ತಾರೆ. ಬಲಿತದ್ದು ತಿಂದರೆ ಹೊಟ್ಟೆ ಕೆಡುತ್ತದೆ. ನಾನು ತರುವುದಿಲ್ಲ.

ಹೆಸರಿನ ಗೊಂದಲ ಇದಕ್ಕಿಂತ ಜಾಸ್ತಿ. ಬ್ರಾಹ್ಮಿ ಅಂದರೆ ನಮ್ಮೂರಲ್ಲಿ ಒಂದೆಲಗ, ತಂಬುಳಿ ಮಾಡುವಂಥದ್ದು, ದುಂಡಗಿನ ಎಲೆ. ಪಂಡಿತರ ಅಂಗಡಿಯಲ್ಲಿ ಬ್ರಾಹ್ಮಿ ಅಂದರೆ ನೀರು ಬ್ರಾಹ್ಮಿಯನ್ನೂ ಕೊಡಬಹುದು. ಅದರ ಎಲೆ ಚಿಕ್ಕದು, ದಪ್ಪ, ಬಾಯಿಗಿಟ್ಟರೆ ಕಹಿ. ಇವೆರಡೂ ದೂರದ ನೆಂಟರೂ ಅಲ್ಲ. ಹೊನಗೊನೆಯದೂ ಹೀಗೇ. ಕಣ್ಣಿಗೆ ಒಳ್ಳೆಯದು ಅಂತ ತಿನ್ನುವ ಹೊನಗೊನೆಯ ಬಿಳಿ ಹೂ ಎಲೆಯ ಬುಡಕ್ಕೇ ಅಂಟಿರುತ್ತದೆ. ದಕ್ಷಿಣ ಅಮೆರಿಕದಿಂದ ಬಂದು ನಮ್ಮ ಕೆರೆಗಳನ್ನು ಮುಚ್ಚುತ್ತಿರುವ ಅದರ ದಾಯಾದಿಗೆ ಹೂವಿಗೊಂದು ಉದ್ದನೆಯ ತೊಟ್ಟು ಇರುತ್ತದೆ, ಕಡ್ಡಿ ಒಳಗೆ ಟೊಳ್ಳು. ಗಿಡ ಸರಿಯಾಗಿ ಗುರುತಿಸಿದರೂ ಜಾಗ ತಪ್ಪಾಗಬಹುದು. ಚರಂಡಿ ನೀರು ಸೇರುವ ಕೆರೆಯ ಅಂಚಿನಲ್ಲಿ ಬೆಳೆದ ಹೊನಗೊನೆ ಸೀಸ, ಕ್ಯಾಡ್ಮಿಯಂ ಹೀರಿಕೊಂಡಿರುತ್ತದೆ. ತೊಳೆದರೆ ಅದು ಹೋಗುವುದಿಲ್ಲ.

ಔಷಧದ ವಿಷಯದಲ್ಲಿ ಅಜ್ಜಿಗೂ ನನಗೂ ಸ್ವಲ್ಪ ಜಟಾಪಟಿ ಇದೆ. ನೆಲನೆಲ್ಲಿಯನ್ನು ಗುರುತಿಸುವುದು ಸುಲಭ. ಎಲೆಯ ಗರಿ ತಿರುಗಿಸಿದರೆ ಅಡಿಯಲ್ಲಿ ಸಾಲಾಗಿ ಪುಟ್ಟ ನೆಲ್ಲಿಕಾಯಿಗಳು. ಕಾಮಾಲೆಗೆ ಅದನ್ನು ಅರೆದು ಮಜ್ಜಿಗೆಯಲ್ಲಿ ಕೊಡುತ್ತಾರೆ. 1988ರಲ್ಲಿ ಮದ್ರಾಸಿನ ಸಂಶೋಧಕರು ಹೆಪಟೈಟಿಸ್ ಬಿ ಇರುವವರಿಗೆ ಇದನ್ನು ಕೊಟ್ಟು ಒಳ್ಳೆಯ ಫಲ ಸಿಕ್ಕಿತೆಂದು ಪ್ರಕಟಿಸಿದ್ದರು. ಆಮೇಲೆ ಬೇರೆ ಕಡೆ ಮಾಡಿದ ಪ್ರಯೋಗಗಳಲ್ಲಿ ಅಷ್ಟು ಫಲ ಬರಲಿಲ್ಲ. ಹಾಗಾಗಿ ನಮ್ಮ ಮನೆಯಲ್ಲಿ ಮೈದುನನಿಗೆ ಕಣ್ಣು ಹಳದಿಯಾದಾಗ ನಾನು ಮೊದಲು ರಕ್ತ ಪರೀಕ್ಷೆಗೆ ಕರೆದೊಯ್ದೆ. ಅಜ್ಜಿ ಎರಡು ದಿನ ಮಾತು ಬಿಟ್ಟರು. ಆದರೂ ಸೊಪ್ಪು ಸಾರಿಗೆ, ಕಾಯಿಲೆ ಡಾಕ್ಟರಿಗೆ ಅನ್ನುವುದು ನನ್ನ ಲೆಕ್ಕ.

ಸಾರು ಮಾಡುವುದರಲ್ಲಿ ಗುಟ್ಟೇನಿಲ್ಲ. ಅಣ್ಣೆ, ಗಣಿಕೆ, ಗೋಣಿ, ಕೊಮ್ಮೆ, ಕನ್ನೆ ಸಿಕ್ಕಷ್ಟು. ಕಹಿಯದು ಒಂದು ಹಿಡಿಗಿಂತ ಹೆಚ್ಚಿರಬಾರದು, ಹುಳಿಯದು ಇದ್ದರೆ ಹುಣಸೆಹಣ್ಣು ಕಡಿಮೆ ಮಾಡಬೇಕು. ತೊಗರಿಬೇಳೆ ಜೊತೆ ಬೇಯಿಸಿ, ಬೆಳ್ಳುಳ್ಳಿ, ಹಸಿಮೆಣಸಿನಕಾಯಿ ಹಾಕಿ ಮಸೆದರೆ ಮಸ್ಸೊಪ್ಪು. ಕಟ್ಟು ಬಸಿದರೆ ಬಸ್ಸಾರು, ಉಳಿದದ್ದು ಪಲ್ಯ. ಕಿಡ್ನಿ ಕಲ್ಲು ಇರುವವರಿಗೆ ಮಾತ್ರ ಗೋಣಿ ಸೊಪ್ಪು ಬಡಿಸುವುದಿಲ್ಲ, ಅದರಲ್ಲಿ ಆಕ್ಸಲೇಟ್ ಜಾಸ್ತಿ.

ಈಗ ಸೊಪ್ಪಿಗೆ ದೂರ ಹೋಗಬೇಕು. ಅಕ್ಕಪಕ್ಕದ ಹೊಲಗಳಿಗೆ ಕಳೆನಾಶಕ ಹೊಡೆಯುತ್ತಾರೆ. ಕೂಲಿಗೆ ಜನ ಸಿಗದಾಗ ಅವರನ್ನೂ ದೂರುವ ಹಾಗಿಲ್ಲ. ಯಾರ ಹೊಲಕ್ಕೆ ಯಾವಾಗ ಹೊಡೆದರು ಅಂತ ಕೇಳಿಕೊಂಡೇ ಬದು ಹತ್ತುತ್ತೇನೆ. ಕಳೆದ ವಾರ ನಮ್ಮದೇ ಹೊಲದಿಂದ ತಂದು ಮಸ್ಸೊಪ್ಪು ಮಾಡಿ ಅಜ್ಜಿಗೆ ಒಂದು ಬಟ್ಟಲು ಕಳಿಸಿದೆ. ಅಜ್ಜಿಗೆ ಈಗ ಕಣ್ಣು ಅಷ್ಟಾಗಿ ಕಾಣುವುದಿಲ್ಲ. ಬಟ್ಟಲು ವಾಪಸ್ ತಂದ ಮೊಮ್ಮಗಳ ಕೈಲಿ ಹೇಳಿ ಕಳಿಸಿದ್ದರು: "ಗಣಿಕೆ ಹಾಕಿಲ್ಲ. ಕೊಮ್ಮೆ ಬಲಿತಿತ್ತು."

ಎರಡೂ ನಿಜವೇ ಆಗಿತ್ತು.