ಕಿಟ್ಟದ ಐದು ದಿನಗಳು: ಬೆಳಕಿನ ಪಂಚಾಂಗವನ್ನು ನಾನು ಕಟ್ಟಿದ ಬಗೆ

ಕಲ್ಪಿತ ಲೋಕಕ್ಕೆ ಪಂಚಾಂಗ ಬರೆಯಲು ಕುಳಿತವರು ಸಾಮಾನ್ಯವಾಗಿ ಹೆಸರುಗಳಿಂದ ಶುರು ಮಾಡುತ್ತಾರೆ. ಹನ್ನೆರಡು ತಿಂಗಳಿಗೆ ಹನ್ನೆರಡು ಸೊಗಸಾದ ಹೆಸರು, ಆಕಾಶದಲ್ಲಿ ಎರಡು ಚಂದ್ರ, ಅಲ್ಲಿಗೆ ಕೆಲಸ ಮುಗಿಯಿತು. ನನ್ನ ಕಾದಂಬರಿಯ ರಾಜ್ಯದಲ್ಲಿ ಆಡಳಿತ ರಸವಾದಿಗಳದು, ಅಂದರೆ ಕೀಳು ಲೋಹವನ್ನು ಚಿನ್ನವಾಗಿಸಲು ಹೊರಟವರದು. ಬೆಳಕೇ ಅವರ ದೇವರು. ಅಂಥವರು ಹೆಸರಿಡುವ ಮೊದಲು ಅಳೆಯುತ್ತಾರೆ ಎಂದು ನನಗೆ ಅನ್ನಿಸಿತು. ಹಾಗಾಗಿ ತಿಂಗಳುಗಳ ಗೊಡವೆಗೆ ಹೋಗದೆ ಹಗಲಿನ ಉದ್ದದ ಲೆಕ್ಕ ಹಿಡಿದು ಕುಳಿತೆ.

ರಾಜ್ಯ ಎಲ್ಲಿದೆ ಎಂಬುದು ಮೊದಲು ತೀರ್ಮಾನವಾಗಬೇಕಿತ್ತು. ಸಮಭಾಜಕ ವೃತ್ತದ ಮೇಲಿಟ್ಟರೆ ವರ್ಷವಿಡೀ ಹಗಲು ಹನ್ನೆರಡು ಗಂಟೆಯ ಆಸುಪಾಸಿನಲ್ಲೇ ಇರುತ್ತದೆ, ಅಳೆಯಲು ಏನೂ ಉಳಿಯುವುದಿಲ್ಲ. ಧ್ರುವದ ಬಳಿ ಇಟ್ಟರೆ ಬೇಸಿಗೆಯಲ್ಲಿ ಸೂರ್ಯ ಮುಳುಗುವುದೇ ಇಲ್ಲ. ನಾನು ಸುಮಾರು 50 ಡಿಗ್ರಿ ಅಕ್ಷಾಂಶವನ್ನು ಆರಿಸಿಕೊಂಡೆ. ಅಲ್ಲಿ ಅತಿ ಚಿಕ್ಕ ಹಗಲು ಸುಮಾರು 8 ಗಂಟೆ, ಅತಿ ದೊಡ್ಡದು ಸುಮಾರು 16.

ಯುರೋಪಿನ ರಸವಾದಿಗಳು ತಮ್ಮ ಮಹಾಕಾರ್ಯದ, ಅಂದರೆ ವಸ್ತುವನ್ನು ಮಾಗಿಸುವ ಕೆಲಸದ, ಹಂತಗಳನ್ನು ನಾಲ್ಕು ಬಣ್ಣಗಳಲ್ಲಿ ಹೇಳುತ್ತಿದ್ದರು: ಕಪ್ಪು, ಬಿಳಿ, ಹಳದಿ, ಕೆಂಪು. 8ಕ್ಕೂ 16ಕ್ಕೂ ನಡುವಿನ ಎಂಟು ಗಂಟೆಗಳನ್ನು ಎರಡೆರಡು ಗಂಟೆಯ ನಾಲ್ಕು ಪಟ್ಟಿಗಳಾಗಿ ಸೀಳಿ, ಒಂದೊಂದಕ್ಕೂ ಒಂದು ಬಣ್ಣ ಕೊಟ್ಟೆ. ಹಗಲು ಹತ್ತು ಗಂಟೆಗಿಂತ ಕಡಿಮೆಯಿದ್ದರೆ ಕಪ್ಪು, ಹನ್ನೆರಡರವರೆಗೆ ಬಿಳಿ, ಹದಿನಾಲ್ಕರವರೆಗೆ ಹಳದಿ, ಅದರ ಮೇಲೆ ಕೆಂಪು. ಇದನ್ನು ವರ್ಷದ ಮೇಲೆ ಹಾಸಿದಾಗ ಸಿಕ್ಕಿದ್ದು ನಾಲ್ಕು ಸಮಪಾಲಲ್ಲ. ಅಯನದ ಹೊತ್ತಿಗೆ, ಅಂದರೆ ಹಗಲು ಅತಿ ಚಿಕ್ಕದೋ ಅತಿ ದೊಡ್ಡದೋ ಆಗುವಾಗ, ಅದು ಕದಲುವುದೇ ಇಲ್ಲವೇನೋ ಎಂಬಷ್ಟು ನಿಧಾನ. ಹಗಲು ರಾತ್ರಿ ಸಮವಾಗುವ ವಿಷುವದ ಹೊತ್ತಿಗೆ ಓಟ. ಹಗಲಿನ ಉದ್ದ ಸೈನ್ ರೇಖೆಯಂತೆ ಏರಿಳಿಯುತ್ತದೆ ಎಂದು ಹಿಡಿದರೆ ಕಪ್ಪಿಗೆ ವರ್ಷದ ಮೂರನೆಯ ಒಂದು ಭಾಗ, ಕೆಂಪಿಗೂ ಅಷ್ಟೇ. ಬಿಳಿ ಮತ್ತು ಹಳದಿ ಹೋಗುತ್ತಾ ಒಮ್ಮೆ, ಬರುತ್ತಾ ಒಮ್ಮೆ ಬರುತ್ತವೆ, ಪ್ರತಿ ಸಲವೂ ಹನ್ನೆರಡನೆಯ ಒಂದು ಭಾಗ ಮಾತ್ರ. ವರ್ಷದ 365 ದಿನಗಳಲ್ಲಿ ಐದನ್ನು ಬದಿಗಿಟ್ಟು 360 ದಿನಕ್ಕೆ ಹಂಚಿದರೆ ಕಪ್ಪು 120, ಬಿಳಿ 30, ಹಳದಿ 30, ಕೆಂಪು 120, ಮತ್ತೆ ಹಳದಿ 30, ಬಿಳಿ 30. ತಿಂಗಳಿಗೆ ಮೂವತ್ತು ದಿನ ಎಂದು ನಾನು ಎಲ್ಲೂ ಹೇರಿರಲಿಲ್ಲ. ಅದು ತಾನಾಗಿಯೇ ಬಂದು ಕುಳಿತಿತು.

ಇಲ್ಲೊಂದು ತೊಡಕಿತ್ತು. ರಸವಾದದಲ್ಲಿ ಕೆಂಪಾದದ್ದು ಹಿಂತಿರುಗಿ ಹಳದಿಯಾಗುವುದಿಲ್ಲ. ಆದರೆ ವಸ್ತುವನ್ನು ಕರಗಿಸುವುದು, ಮತ್ತೆ ಗಟ್ಟಿಯಾಗಿಸುವುದು ಎಂಬ ಜೋಡಿ ಕ್ರಿಯೆ ಆ ವಿದ್ಯೆಯ ಜೀವಾಳ. ಬೆಳಕು ಏರುವ ಅರ್ಧವನ್ನು ಹೆಪ್ಪುಗಟ್ಟುವ ಕಾಲವೆಂದೂ ಇಳಿಯುವ ಅರ್ಧವನ್ನು ಕರಗುವ ಕಾಲವೆಂದೂ ಕರೆದೆ. ಏರುಬಿಳಿ, ಏರುಹಳದಿ, ಇಳಿಹಳದಿ, ಇಳಿಬಿಳಿ ಎಂಬ ಹೆಸರುಗಳು ಹಾಗೆ ಹುಟ್ಟಿದವು. ಇಳಿಹಳದಿಯಲ್ಲಿ ಹುಟ್ಟಿದವನಿಗೆ ಸಾಲ ಕೊಡಬಾರದು ಎಂಬ ನಂಬಿಕೆ ಆ ರಾಜ್ಯದಲ್ಲಿದೆ; ಅದನ್ನು ನಾನು ವಿವರಿಸಿಲ್ಲ, ವಿವರಿಸುವುದೂ ಇಲ್ಲ.

ಕಪ್ಪು ಮತ್ತು ಕೆಂಪು ಒಂದೇ ವಸ್ತುವಿನ ಎರಡು ರೂಪ ಎಂಬ ನನ್ನ ರಾಜ್ಯದವರ ಸಿದ್ಧಾಂತಕ್ಕೆ ಆಧಾರ ಸಿಕ್ಕಿದ್ದು ಭಾರತೀಯ ರಸಶಾಸ್ತ್ರದಲ್ಲಿ. ಪಾದರಸವನ್ನೂ ಗಂಧಕವನ್ನೂ ಖಲ್ವದಲ್ಲಿ (ಅರೆಯುವ ಕಲ್ಲಿನಲ್ಲಿ) ಹಾಕಿ ಅರೆಯುತ್ತಾ ಹೋದರೆ ಪಾದರಸದ ಹೊಳಪು ಪೂರ್ತಿ ಅಡಗಿ, ಕಾಡಿಗೆಯಂಥ ನುಣುಪಾದ ಪುಡಿಯಾಗುತ್ತದೆ. ಅದು ಕಜ್ಜಲಿ. ಅದನ್ನೇ ಗಾಜಿನ ಕೂಪಿಯಲ್ಲಿ ತುಂಬಿ, ಮರಳಿನ ನಡುವೆ ಹುಗಿದು ಹದವಾಗಿ ಕಾಯಿಸಿದರೆ ಕೂಪಿಯ ಕೊರಳಲ್ಲಿ ಕೆಂಪು ಪದರ ಕಟ್ಟುತ್ತದೆ. ಅದು ರಸಸಿಂಧೂರ. ರಸಾಯನ ವಿಜ್ಞಾನದ ಪ್ರಕಾರ ಕಪ್ಪೂ ಕೆಂಪೂ ಪಾದರಸದ ಸಲ್ಫೈಡೇ. ಹರಳಿನ ಜೋಡಣೆ ಮಾತ್ರ ಬೇರೆ. (ಪಾದರಸದ ಆವಿ ವಿಷ. ನಾನು ಇದನ್ನು ಓದಿ ತಿಳಿದದ್ದು, ಮಾಡಿ ನೋಡಿದ್ದಲ್ಲ.) ಕಪ್ಪಿನ ನಾಲ್ಕು ತಿಂಗಳಿಗೆ ಅರೆತ, ಕಜ್ಜಲಿ, ಮೂಸೆ (ಲೋಹ ಕರಗಿಸುವ ಪಾತ್ರೆ), ಕುಲುಮೆ ಎಂದು ಹೆಸರಿಟ್ಟದ್ದು ಇದರಿಂದಲೇ.

ವಾರದ ವಿಷಯಕ್ಕೆ ಬಂದರೆ, ಏಳು ಗ್ರಹಗಳಿಗೆ ಏಳು ಲೋಹಗಳೆಂಬ ಹಳೆಯ ಹೊಂದಾಣಿಕೆಯನ್ನೇ ಇಟ್ಟುಕೊಂಡೆ: ಶನಿಗೆ ಸೀಸ, ಗುರುವಿಗೆ ತವರ, ಕುಜನಿಗೆ ಕಬ್ಬಿಣ, ಸೂರ್ಯನಿಗೆ ಚಿನ್ನ, ಶುಕ್ರನಿಗೆ ತಾಮ್ರ, ಬುಧನಿಗೆ ಪಾದರಸ, ಚಂದ್ರನಿಗೆ ಬೆಳ್ಳಿ. ಇದೇ ಕ್ರಮದಲ್ಲಿ ಹೋರೆಗಳು, ಅಂದರೆ ಒಂದೊಂದಕ್ಕೂ ಒಂದು ಗ್ರಹ ಅಧಿಪತಿಯಾಗಿರುವ ದಿನದ 24 ಪಾಲುಗಳು, ಸುತ್ತುತ್ತವೆ. ದಿನದ ಮೊದಲ ಹೋರೆಯ ಅಧಿಪತಿಯೇ ಆ ದಿನದ ಅಧಿಪತಿ. 24 ಹೋರೆಗಳನ್ನು ಏಳರಿಂದ ಭಾಗಿಸಿದರೆ ಮೂರು ಉಳಿಯುವುದರಿಂದ ಭಾನುವಿನ ನಂತರ ಸೋಮ ಬರುತ್ತದೆ. ನನ್ನ ರಾಜ್ಯದಲ್ಲಿ ರಾತ್ರಿಗೆ ಲೆಕ್ಕವಿಲ್ಲ, ಹಗಲಿನ ಹನ್ನೆರಡು ಹೋರೆಗಳಷ್ಟೇ ಎಣಿಕೆಗೆ ಬರುತ್ತವೆ. ಶೇಷ ಐದು. ಹಾಗಾಗಿ ವಾರ ಚಿನ್ನ, ತವರ, ಬೆಳ್ಳಿ, ತಾಮ್ರ, ಕಬ್ಬಿಣ, ಸೀಸ, ಪಾದರಸ ಎಂದು ಸಾಗುತ್ತದೆ. ಇಡೀ ಪಂಚಾಂಗದಲ್ಲಿ ನನಗೆ ಅತಿ ಇಷ್ಟವಾದ ಲೆಕ್ಕ ಇದು. ಒಂದು ನಂಬಿಕೆಯನ್ನು ಬದಲಿಸಿದರೆ ಸಾಕು, ಚಿನ್ನದ ದಿನ ಬಿಟ್ಟು ಉಳಿದ ಆರೂ ದಿನಗಳು ಜಾಗ ಬದಲಿಸುತ್ತವೆ.

ಇನ್ನು ಉಳಿದ ಐದು ದಿನ. ಪ್ರಾಚೀನ ಈಜಿಪ್ಟಿನವರೂ ಮೂವತ್ತರ ಹನ್ನೆರಡು ತಿಂಗಳ ಕೊನೆಗೆ ಐದು ದಿನ ಸೇರಿಸುತ್ತಿದ್ದರು; 1793ರಲ್ಲಿ ಫ್ರಾನ್ಸಿನ ಕ್ರಾಂತಿಕಾರಿಗಳು ಜಾರಿಗೆ ತಂದ ಪಂಚಾಂಗದಲ್ಲೂ ಇದೇ ಏರ್ಪಾಡು. ಲೋಹ ಕರಗಿಸಿದಾಗ ಉಳಿಯುವುದು ಕಿಟ್ಟ, ಆದ್ದರಿಂದ ಇವು ಕಿಟ್ಟದ ದಿನಗಳು. ಇವನ್ನು ಕಪ್ಪಿನ ನಟ್ಟನಡುವೆ, ಕಜ್ಜಲಿ ಮತ್ತು ಮೂಸೆಯ ಮಧ್ಯೆ ಇಟ್ಟಿದ್ದೇನೆ. ಆಗ ಶಂಕುವಿನ (ನೆರಳು ಅಳೆಯಲು ನೆಟ್ಟ ಕಂಬದ) ಮಧ್ಯಾಹ್ನದ ನೆರಳು ಅತಿ ಉದ್ದವಾಗಿರುತ್ತದೆ, ಆದರೆ ದಿನದಿಂದ ದಿನಕ್ಕೆ ಅದರ ವ್ಯತ್ಯಾಸ ಕಣ್ಣಿಗೆ ಸಿಗುವುದೇ ಕಷ್ಟ. ಸೂರ್ಯ ತಿರುಗಿದ್ದು ಯಾವ ದಿನ ಎಂದು ಆಣೆ ಮಾಡಿ ಹೇಳಬಲ್ಲವರು ಯಾರೂ ಇಲ್ಲ. ವರ್ಷದ ಉದ್ದ 365.2422 ದಿನವಾದ್ದರಿಂದ ಹೆಚ್ಚುಕಡಿಮೆ ನಾಲ್ಕು ವರ್ಷಕ್ಕೊಮ್ಮೆ ಆರನೆಯ ಕಿಟ್ಟದ ದಿನವೂ ಬೇಕು. ಅದನ್ನು ಘೋಷಿಸುವ ಅಧಿಕಾರವನ್ನು ನೆರಳು ಅಳೆಯುವ ಒಬ್ಬ ಅಧಿಕಾರಿಗೆ ಕೊಟ್ಟೆ. ಜೊತೆಗೆ, ಕಿಟ್ಟದ ದಿನಗಳಲ್ಲಿ ಬಡ್ಡಿ ಓಡುವುದಿಲ್ಲ ಎಂಬ ಕಾನೂನನ್ನೂ ಮಾಡಿದೆ. ಅಲ್ಲಿಂದ ಕಥೆ ತನ್ನ ಪಾಡಿಗೆ ತಾನು ಬೆಳೆಯಿತು: ಸಾಲಗಾರರು ಅಧಿಕಾರಿಯ ಒಂದು ಕಿವಿಗೆ, ಲೇವಾದೇವಿಯವರು ಇನ್ನೊಂದು ಕಿವಿಗೆ.

ಈಗ ಕಡಲಂಚಿನ ಜನರ ಲೆಕ್ಕ ಹಿಡಿದಿದ್ದೇನೆ. ಅವರಿಗೆ ಉಬ್ಬರವಿಳಿತ ಮುಖ್ಯ, ಹಾಗಾಗಿ ಚಂದ್ರನೇ ಆಧಾರ. ಹನ್ನೆರಡು ಚಾಂದ್ರಮಾಸಕ್ಕೆ ಸುಮಾರು 354 ದಿನವಾದ್ದರಿಂದ ಅವರ ವರ್ಷ ಬೆಳಕಿನ ವರ್ಷಕ್ಕಿಂತ 11 ದಿನ ಮುಂಚೆಯೇ ಮುಗಿಯುತ್ತದೆ. 19 ವರ್ಷಕ್ಕೆ 235 ಚಾಂದ್ರಮಾಸಗಳು ಸರಿಹೊಂದುತ್ತವೆ. ಎರಡು ರಾಜ್ಯಗಳ ಒಪ್ಪಂದ ನವೀಕರಣಗೊಳ್ಳುವುದೂ ಅಷ್ಟು ವರ್ಷಕ್ಕೊಮ್ಮೆ. ಕಾದಂಬರಿ ಆರಂಭವಾಗುವುದು ಹದಿನೆಂಟನೆಯ ವರ್ಷದ ಇಳಿಬಿಳಿಯಲ್ಲಿ.